ದೊರೆಸಾನಿಯ ಕನ್ನಡ ದನಿ

ಭಾನುವಾರ ಮಧ್ಯಾಹ್ನ. ಊಟದ ತಟ್ಟೆಗಳಿನ್ನೂ ಎತ್ತಿರಲಿಲ್ಲ. ಟೀವಿಯಲ್ಲಿ ದೊರೆಸಾನಿ ಕಾರಿನಿಂದ ಇಳಿದಳು, ಗಾಳಿಗೆ ಹಾರುತ್ತಿದ್ದ ಕೋಟನ್ನು ಒಂದು ಕೈಯಲ್ಲಿ ಹಿಡಿದುಕೊಂಡಳು, ಎದುರಿಗಿದ್ದ ಪೊಲೀಸಿನವನನ್ನು ಕನ್ನಡದಲ್ಲಿ ಏನೋ ಕೇಳಿದಳು. ಆ ದನಿ ನನ್ನದಾಗಿರಲಿಲ್ಲ.

ದೊರೆಸಾನಿ ಅಂದರೆ ಬ್ರಿಟನ್ನಿನ ಒಬ್ಬ ನಟಿ. ಅಲ್ಲಿಯ ಟೀವಿಯಲ್ಲಿ, ಸಿನಿಮಾಗಳಲ್ಲಿ ಮೂವತ್ತು ಚಿಲ್ಲರೆ ವರ್ಷ ದುಡಿದವಳು. ಆ ಹೆಸರು ಇಟ್ಟವರು ನಮ್ಮಪ್ಪ. ನಾನು ಡಬ್ಬಿಂಗ್ ಕೆಲಸದವಳು. ಆರು ವರ್ಷಗಳಿಂದ ಆಕೆಗೆ ಕನ್ನಡದ ದನಿ ಕೊಡುತ್ತಿರುವವಳು. ಹಾಗಂತ ನಾನು ತಿಳಿದಿದ್ದೆ, ಅಪ್ಪ ತಿಳಿದಿದ್ದರು, ವಿಜಾಪುರದಿಂದ ಹೈದರಾಬಾದಿನವರೆಗೆ ಹರಡಿಕೊಂಡ ನಮ್ಮ ಬಳಗವೆಲ್ಲ ತಿಳಿದಿತ್ತು.

ಮೊದಲು ನನ್ನ ಕಿವಿಯ ಮೇಲೇ ಅನುಮಾನ ಬಂತು. ನಮ್ಮ ದನಿ ನಮಗೇ ಬೇರೆಯಾಗಿ ಕೇಳಿಸುತ್ತದೆ ಅನ್ನುತ್ತಾರಲ್ಲ, ಅದೇ ಇರಬೇಕು ಅಂದುಕೊಂಡು ಹಿಂದಕ್ಕೆ ಸರಿಸಿ ಮತ್ತೆ ಹಾಕಿದೆ. ದೊರೆಸಾನಿ ಮತ್ತೆ ಕಾರಿನಿಂದ ಇಳಿದಳು. ಮತ್ತೆ ಅದೇ ದನಿ, ತೆಳ್ಳಗೆ, ಇಸ್ತ್ರಿ ಮಾಡಿ ಮಡಚಿಟ್ಟ ಸೀರೆಯ ಹಾಗೆ ನೆರಿಗೆಯಿಲ್ಲದ್ದು. ಮೂರನೆಯ ಸಲ ಹಾಕಿದೆ. ನಾಲ್ಕನೆಯ ಸಲವೂ ಹಾಕಿದೆ. ಪಾಪ, ಆಕೆ ನಾಲ್ಕು ಸಲ ಕಾರಿನಿಂದ ಇಳಿದಳು. 

ಒಳಗಿನ ಕೋಣೆಯಿಂದ ಅಪ್ಪ, ಟೀವಿ ಹತ್ತಿತೇನು ಅಂತ ಕೇಳಿದರು. ನಾನು ಪಟ್ಟನೆ ಆರಿಸಿದೆ. ನೆಟ್ ಬರುತ್ತಿಲ್ಲ ಅಂದೆ. ನಲವತ್ತೇಳು ವರ್ಷದ ಹೆಂಗಸು, ಹೋಮ್‌ವರ್ಕ್ ಮಾಡದ ಹುಡುಗಿಯ ಹಾಗೆ ಗೋಡೆಗೆ ಮುಖ ಮಾಡಿ ಸುಳ್ಳು ಹೇಳಿದೆ.

ಅಂದು ಟೀವಿ ಹಚ್ಚಿದ್ದೇ ಅಪ್ಪನಿಗಾಗಿ. ಬಾಲಾನಗರದ ಕಾರ್ಖಾನೆಯಲ್ಲಿ ವಿಮಾನದ ಉಪಕರಣಗಳ ಮುಳ್ಳು ಸರಿಯಾಗಿ ನಿಲ್ಲುತ್ತದೋ ಇಲ್ಲವೋ ಅಂತ ನೋಡಿ ನೋಡಿ ನಿವೃತ್ತರಾದವರು ಅವರು. ಸಕ್ಕರೆ ಕಾಯಿಲೆ ಅವರ ಎಡಗಣ್ಣನ್ನು ಮೊದಲೇ ತಿಂದಿತ್ತು. ಬಲಗಣ್ಣಿಗೆ ಸೂಜಿ ಹಾಕಿಸುತ್ತ ಬಂದಿದ್ದೆವು. ಹೋದ ತಿಂಗಳು ಡಾಕ್ಟರು ಇನ್ನು ಸೂಜಿಯಿಂದ ಪ್ರಯೋಜನವಿಲ್ಲ ಅಂದರು. ಬೆಳಕು ಕಂಡೀತು, ಎದುರು ಬಂದವರ ಆಕಾರ ಕಂಡೀತು, ಅಕ್ಷರ ಮಾತ್ರ ಮರೆತುಬಿಡಿ. ಬರುವಾಗ ಆಟೋದಲ್ಲಿ ಅಪ್ಪ ಹೇಳಿದರು, "ಓದೂದು ಮುಗೀತಲಾ. ಇನ್ನ ನಿನ್ನ ದೊರಿಸಾನಿದು ಎಲ್ಲಾ ಕನ್ನಡದಾಗ ಹಚ್ಚಿ ಬಿಡು. ಕೂತು ಕೇಳತೀನಿ."

ಕಣ್ಣು ಹೋಗುತ್ತಿರುವ ಮನುಷ್ಯ ಬೇರೆ ಏನನ್ನೂ ಕೇಳಲಿಲ್ಲ. ಮಗಳ ದನಿ ಕೇಳಬೇಕು ಅಂದರು, ಅಷ್ಟೇ. ಆ ದನಿ ಟೀವಿಯಲ್ಲಿ ಇರಲಿಲ್ಲ.

ಆರು ವರ್ಷ ಒಮ್ಮೆಯೂ ಕೇಳಿರಲಿಲ್ಲವೇ ಅಂತ ನೀವು ಕೇಳಬಹುದು. ಕೇಳಿರಲಿಲ್ಲ. ಹೈದರಾಬಾದಿನ ನಮ್ಮಂಥವರ ಮನೆಗಳ ರೀತಿಯೇ ಹಾಗೆ. ಮನೆಯಲ್ಲಿ ಕನ್ನಡ, ಹೊಸ್ತಿಲು ದಾಟಿದರೆ ತೆಲುಗು, ಆಟೋ ಹತ್ತಿದರೆ ಹಿಂದಿ. ಟೀವಿ ಹೊಸ್ತಿಲ ಒಳಗಿದ್ದರೂ ಅದನ್ನು ನಾವು ಹೊರಗಿನವರ ಪಟ್ಟಿಗೇ ಸೇರಿಸಿದ್ದೇವೆ. ಅವ್ವ ಇದ್ದಾಗ ತೆಲುಗು ಧಾರಾವಾಹಿ, ಅಪ್ಪನಿಗೆ ಇಂಗ್ಲಿಷ್ ಸುದ್ದಿ, ಅವ್ವ ಹೋದಮೇಲೆ ನಾವಿಬ್ಬರೇ ಕೂತು ದೊರೆಸಾನಿಯನ್ನು ನೋಡಿದ್ದೂ ಇಂಗ್ಲಿಷಿನಲ್ಲಿ, ಕೆಳಗೆ ಬರುವ ಅಕ್ಷರ ಓದಿಕೊಂಡು. ಕನ್ನಡ ಮಾತಾಡುವವರು ನಾವು, ಟೀವಿಯಲ್ಲಿ ಕನ್ನಡ ಕೇಳುವವರು ಬೆಂಗಳೂರಿನವರು ಅಂತ ಯಾರೋ ಹಂಚಿಕೊಟ್ಟಂತಿತ್ತು. ಹಿತ್ತಲ ಗಿಡ ಮದ್ದಲ್ಲ ಅನ್ನುವುದು ಸುಮ್ಮನೆ ಹುಟ್ಟಿದ ಗಾದೆಯಲ್ಲ. ಜೊತೆಗೆ ನನ್ನದೊಂದು ಬಿಂಕ ಬೇರೆ. ನನ್ನ ದನಿ ನಾನು ಕೇಳಲಾರೆ, ಮೈ ಜುಮ್ಮೆನ್ನುತ್ತದೆ ಅಂತ ಹೇಳಿಕೊಂಡು ತಿರುಗುವುದು. ಹಾಗೆ ಹೇಳಿದರೆ ದೊಡ್ಡ ಕಲಾವಿದೆಯ ಲಕ್ಷಣ ಅನ್ನುವ ಭ್ರಮೆ.

ಈ ಕೆಲಸಕ್ಕೆ ನಾನು ಬಂದದ್ದೂ ಬಯಸಿ ಅಲ್ಲ. ಅಮೀರ್‌ಪೇಟಿನ ಒಂದು ಕೋಚಿಂಗ್ ಸೆಂಟರಿನಲ್ಲಿ ಇಂಗ್ಲಿಷ್ ಮಾತಾಡುವುದನ್ನು ಕಲಿಸುತ್ತಿದ್ದೆ. ಸ್ಟುಡಿಯೋ ಅದೇ ಕಟ್ಟಡದ ಮೂರನೆಯ ಮಹಡಿಯಲ್ಲಿತ್ತು. ಬ್ರಿಟನ್ನಿನ ಒಂದು ಪತ್ತೇದಾರಿ ಸರಣಿಯನ್ನು ತೆಲುಗಿಗೂ ಕನ್ನಡಕ್ಕೂ ಒಟ್ಟಿಗೇ ಡಬ್ ಮಾಡುತ್ತಿದ್ದರು. ಕನ್ನಡದ ಹೆಂಗಸು ಕೈಕೊಟ್ಟಿದ್ದಳು. ಕೆಳಗೆ ಬಂದು, ಇಲ್ಲಿ ಕನ್ನಡ ಬರುವವರು ಯಾರಾದರೂ ಇದ್ದಾರೆಯೇ ಅಂತ ಕೇಳಿದರು. ನಾನು ಶಾಲೆಯಲ್ಲಿ ಕೈ ಎತ್ತುವ ಹಾಗೆ ಎತ್ತಿದೆ.

ಆಕೆಯನ್ನು ಮೊದಲ ಸಲ ಕಂಡಾಗ ಆಕೆಗೆ ಐವತ್ತು. ಸಮುದ್ರದ ದಂಡೆಯ ಸಣ್ಣ ಊರೊಂದರ ಪೊಲೀಸ್ ಅಧಿಕಾರಿಯ ಪಾತ್ರ, ಬಣ್ಣ ಹಚ್ಚದ ಕೂದಲು, ಎಂದೂ ಪೂರ್ತಿ ಒಣಗದ ಬೂಟು. ಸ್ಟುಡಿಯೋದವರು ಚಿತ್ರವನ್ನು ಪೂರ್ತಿ ತೋರಿಸುವುದಿಲ್ಲ, ಕದ್ದು ಹೊರಗೆ ಹೋದೀತು ಅನ್ನುವ ಭಯ. ಪರದೆಯೆಲ್ಲ ಕಪ್ಪು, ಮಾತಾಡುವವರ ಮುಖದಷ್ಟೇ ಒಂದು ಗುಂಡು ಕಿಂಡಿ. ಆ ಕಿಂಡಿಯಲ್ಲಿ ಆಕೆಯ ಮುಖ ನೋಡುತ್ತ, ಕಿವಿಯಲ್ಲಿ ಆಕೆಯ ಇಂಗ್ಲಿಷ್ ಕೇಳುತ್ತ, ಬಾಯಲ್ಲಿ ಕನ್ನಡ ಆಡುತ್ತ ನಾನು ನಿಂತೆ. ಕಥೆ ಏನೆಂದು ಗೊತ್ತಿರಲಿಲ್ಲ. ಕೊಲೆಗಾರ ಯಾರೆಂದು ಮನೆಯಲ್ಲಿ ಇಂಗ್ಲಿಷಿನಲ್ಲಿ ನೋಡಿದಮೇಲೇ ತಿಳಿದದ್ದು. ಕೊನೆಯ ಕಂತಿನ ಕೊನೆಯಲ್ಲಿ, ದನಿ ಕೊಟ್ಟವರ ಪಟ್ಟಿಯಲ್ಲಿ, ನನ್ನ ಹೆಸರು ಬಂತು. ಅಪ್ಪ ಟೀವಿಯನ್ನು ನಿಲ್ಲಿಸಿ ಫೋನಿನಲ್ಲಿ ಅದರ ಫೋಟೋ ತೆಗೆದು ಬಳಗಕ್ಕೆಲ್ಲ ಕಳಿಸಿದರು. ಒಮ್ಮೆ ಕಂಡದ್ದೇ ಸಾಕಾಯಿತು, ಮುಂದಿನವುಗಳ ಪಟ್ಟಿಯನ್ನು ಯಾರೂ ನೋಡಲು ಹೋಗಲಿಲ್ಲ. ಅಲ್ಲಿಂದ ನನ್ನ ತಲೆಗೆ ಕೋಡು ಮೂಡಿದವು.

ಆ ಸರಣಿ ಗೆದ್ದಿತು. ಗೆದ್ದಮೇಲೆ ಆಕೆಯ ಹಳೆಯದನ್ನೆಲ್ಲ ಒಂದೊಂದಾಗಿ ಕೊಂಡು ತರತೊಡಗಿದರು, ಈಚಿನದು ಮೊದಲು, ಹಿಂದಿನದು ಆಮೇಲೆ. ಹೀಗಾಗಿ ಆಕೆಯ ಬದುಕು ನನ್ನ ಮುಂದೆ ಹಿಂದುಮುಂದಾಗಿ ಬಿಚ್ಚಿಕೊಂಡಿತು. ಮರುವರ್ಷ ಆಕೆಗೆ ನಲವತ್ತನಾಲ್ಕು. ಸಿನಿಮಾವೊಂದರಲ್ಲಿ ಸೈನಿಕನ ವಿಧವೆ. ದೊಡ್ಡ ಪ್ರಶಸ್ತಿ ಬಂದದ್ದು ಅದಕ್ಕೇ. ಅದರ ಹಿಂದೆ ಏಳು ವರ್ಷ ಏನೂ ಇಲ್ಲ. ಎಲ್ಲಿ ಹೋಗಿದ್ದಳು ಅಂತ ಫೋನಿನಲ್ಲಿ ಹುಡುಕಿದೆ. ತಾಯಿಗೆ ಮರೆವಿನ ಕಾಯಿಲೆಯಂತೆ, ಊರಲ್ಲೇ ಉಳಿದಳಂತೆ, ಆ ಏಳು ವರ್ಷ ರೇಡಿಯೋ ನಾಟಕ ಮಾತ್ರ. ಅದರ ಹಿಂದೆ ಉದ್ದ ಲಂಗದ ಹಳೆಯ ಕಾಲದ ಕಥೆ, ಮೂರು ಅಕ್ಕತಂಗಿಯರಲ್ಲಿ ಯಾರೂ ಕಣ್ಣೆತ್ತಿ ನೋಡದ ನಡುವಿನವಳು. ಅದರ ಹಿಂದೆ ಆಸ್ಪತ್ರೆಯ ಧಾರಾವಾಹಿ. ಡಾಕ್ಟರನ ಬೆನ್ನ ಹಿಂದೆ ತಟ್ಟೆ ಹಿಡಿದು ನಿಲ್ಲುವ ನರ್ಸು. ನಾಲ್ಕು ವರ್ಷ ಆ ತಟ್ಟೆಯನ್ನೇ ಹಿಡಿದಿದ್ದಳು ಮಾರಾಯ್ತಿ. ಎಲ್ಲಕ್ಕಿಂತ ಹಿಂದೆ ಇಪ್ಪತ್ತೆರಡರ ಹುಡುಗಿ, ಮಕ್ಕಳ ಕಾರ್ಯಕ್ರಮದಲ್ಲಿ ಮಿಠಾಯಿ ಅಂಗಡಿಯವಳು. ಮೂರೇ ಮಾತು. ಹತ್ತು ನಿಮಿಷದಲ್ಲಿ ಮುಗಿಸಿ ಹೊರಗೆ ಬಂದಾಗ ನನಗೆ ವಿನಾಕಾರಣ ಬೇಸರವಾಯಿತು. ನಾನು ನಲವತ್ತೊಂದರಿಂದ ನಲವತ್ತೇಳಕ್ಕೆ ಬಂದಿದ್ದೆ, ಆಕೆ ಐವತ್ತರಿಂದ ಇಪ್ಪತ್ತೆರಡಕ್ಕೆ ಹೋಗಿದ್ದಳು. ನಡುನಡುವೆ ಆಕೆಯ ಹೊಸ ಸರಣಿಗಳೂ ಬರುತ್ತಿದ್ದವು. ಆ ಭಾನುವಾರ ನಾನು ಹಚ್ಚಿದ್ದು ಅಂಥದೇ ಒಂದು, ಸಮುದ್ರಕ್ಕೆ ಹೋದ ಮಗ ಮರಳದೆ ಇರುವ ಒಬ್ಬ ನಿವೃತ್ತ ಶಿಕ್ಷಕಿಯ ಕಥೆ.

ಮೂವತ್ತು ವರ್ಷ ಹಿಂದಿನ ಸಾಲಿನಲ್ಲಿ ನಿಂತು ಮುಂದಕ್ಕೆ ಬಂದವಳು ಆಕೆ. ನಾನು ಆಕೆಯ ಹೆಗಲ ಮೇಲೆ ಕೂತು ಮೊದಲ ದಿನವೇ ಮುಂದಿನ ಸಾಲಿಗೆ ಬಂದುಬಿಟ್ಟೆ. ಕನ್ನಡ ಸಂಘದವರು ರಾಜ್ಯೋತ್ಸವಕ್ಕೆ ಕರೆದು ಶಾಲು ಹೊದಿಸಿದರು. ವೇದಿಕೆಯ ಮೇಲೆ ಆ ವಿಧವೆಯ ಎರಡು ಮಾತು ಆಡಿ ತೋರಿಸಿದೆ, ಜನ ಚಪ್ಪಾಳೆ ತಟ್ಟಿದರು. ವಿಜಾಪುರದ ಅತ್ತೆ, ಪೂರ್ತಿ ನೋಡಿದೆವು, ಥೇಟ್ ನಿನ್ನ ದನಿಯೇ ಅಂತ ಫೋನು ಮಾಡಿದ್ದಳು. ಈಗ ಲೆಕ್ಕ ಹಾಕಿದರೆ, ಹೊಗಳಿದವರಲ್ಲಿ ಒಬ್ಬರಾದರೂ ನಿಜವಾಗಿ ನೋಡಿದ್ದರೆ ನನ್ನ ಮಾನ ಐದು ವರ್ಷ ಮೊದಲೇ ಹೋಗಿರುತ್ತಿತ್ತು.

ಸೋಮವಾರ ಮೆಟ್ರೋ ಹಿಡಿದು ಅಮೀರ್‌ಪೇಟಿಗೆ ಹೋದೆ. ನಮ್ಮ ಬಾಲಾನಗರದಿಂದ ಆರು ನಿಲ್ದಾಣ. ಹಾಸ್ಟೆಲಿನ ಹುಡುಗಿಯರು, ಕೋಚಿಂಗ್ ಬೋರ್ಡುಗಳು, ಮಿರ್ಚಿ ಬಜ್ಜಿಯ ಬಂಡಿ, ಯಾವುದೂ ಕಣ್ಣಿಗೆ ಹತ್ತಲಿಲ್ಲ. ಏನೋ ತಾಂತ್ರಿಕ ತಪ್ಪು ಆಗಿರಬೇಕು, ಬೇರೆ ಫೈಲು ಹೋಗಿರಬೇಕು, ಇವತ್ತೇ ಸರಿಮಾಡಿಸಿ ಸಂಜೆ ಅಪ್ಪನಿಗೆ ಹಚ್ಚಿ ಕೊಡಬೇಕು. ಇಷ್ಟೇ ತಲೆಯಲ್ಲಿದ್ದದ್ದು. ಎಂಥ ಮಳ್ಳು ಅಂತೀರಿ.

ಸ್ಟುಡಿಯೋದಲ್ಲಿ ಸೌಂಡ್ ಇಂಜಿನಿಯರ್ ಒಬ್ಬನೇ ಇದ್ದ. ನನಗಿಂತ ಎರಡು ವರ್ಷ ಚಿಕ್ಕವನು, ಹಳೇ ಶಹರದವನು, ಮೊದಲ ದಿನದಿಂದ ನನ್ನನ್ನು ಆಪಾ, ಅಂದರೆ ಅಕ್ಕ, ಅಂತ ಕರೆದವನು. ಗಾಜಿನ ಆಚೆಗೆ ಕೂತು ಆರು ವರ್ಷ ನನ್ನ ಉಸಿರು ಎಣಿಸಿದವನೂ ಅವನೇ. ಡಬ್ಬಿ ಬಿಚ್ಚಿ ಊಟಕ್ಕೆ ಕೂತಿದ್ದ. ಟೀವಿಯಲ್ಲಿ ಬೇರೆ ಯಾರದೋ ದನಿ ಬರುತ್ತಿದೆ, ಫೈಲು ಅದಲುಬದಲು ಆಗಿದೆ ನೋಡು ಅಂದೆ. ಅವನ ಕೈಯ ರೊಟ್ಟಿ ಡಬ್ಬಿಗೂ ಬಾಯಿಗೂ ನಡುವೆ ನಿಂತಿತು.

"ಆಪಾ, ಆಪ್‌ಕು ನೈ ಮಾಲೂಮ್?" ಅಂದ. ಆಮೇಲೆ ಇನ್ನೂ ಮೆಲ್ಲಗೆ, "ಸಬ್‌ಕು ಮಾಲೂಮ್ ಹೈ."

ಎಲ್ಲರಿಗೂ ಗೊತ್ತಿತ್ತು. ನನಗೊಬ್ಬಳಿಗೆ ಗೊತ್ತಿರಲಿಲ್ಲ.

ಅವನು ಹೇಳಿದ್ದನ್ನು ಸುಮ್ಮನೆ ಹೇಳಿಬಿಡುತ್ತೇನೆ. ಮೊದಲ ಸರಣಿ ಬಂದಮೇಲೆ ಕನ್ನಡ ನೋಡಿಕೊಳ್ಳುವ ಬೆಂಗಳೂರಿನವರು ಬರೆದು ಕಳಿಸಿದರಂತೆ. ನಟನೆ ಚೆನ್ನಾಗಿದೆ, ತುಟಿಗೆ ಮಾತು ಕೂಡಿಸುವುದು ಇನ್ನೂ ಚೆನ್ನಾಗಿದೆ, ಆದರೆ ಮಾತಿನ ರಾಗ ಆ ಕಡೆಯದು. ಬ್ರಿಟನ್ನಿನ ಪೊಲೀಸ್ ಅಧಿಕಾರಿ ವಿಜಾಪುರದ ಬಸ್‌ಸ್ಟ್ಯಾಂಡಿನಲ್ಲಿ ಇಳಿದವಳ ಹಾಗೆ ಕೇಳಿಸುತ್ತಾಳೆ. ಹಾಗಾಗಿ ಎರಡನೆಯದರಿಂದ ದನಿ ಬೆಂಗಳೂರಿನ ಒಬ್ಬಾಕೆಯದು. ಆದರೆ ಆಕೆಗೆ ತುಟಿಯ ಅಳತೆ ಸಿಗುವುದಿಲ್ಲ. ಅದಕ್ಕೆ ಮೊದಲು ಇಲ್ಲಿ ನಾನು ಪೂರ್ತಿ ಆಡಿ ಕೊಡುವುದು. ಅಲ್ಲಿ ಆಕೆ ಹೆಡ್‌ಫೋನಿನಲ್ಲಿ ನನ್ನನ್ನು ಕೇಳುತ್ತ, ನಾನು ನಿಂತಲ್ಲಿ ನಿಂತು, ನಾನು ಓಡಿದಲ್ಲಿ ಓಡಿ, ನನ್ನ ಮೇಲೆಯೇ ಮಾತಾಡುವುದು. ಇದಕ್ಕೆ ಇವರು ಪೈಲಟ್ ಅನ್ನುತ್ತಾರಂತೆ. ಮಂತ್ರಿಯ ಕಾರಿನ ಮುಂದೆ ಓಡುವ ಜೀಪು ಅಂತ ತಿಳಿದುಕೊಳ್ಳಿ. ಸ್ಟುಡಿಯೋದ ಆಗಿನ ಮ್ಯಾನೇಜರ್ ನನಗೆ ಹೇಳಿದ್ದಾನೆ ಅಂತ ಇವನು ತಿಳಿದಿದ್ದ. ಇವನು ಹೇಳಿರುತ್ತಾನೆ ಅಂತ ಮ್ಯಾನೇಜರ್ ತಿಳಿದಿದ್ದ. ಆ ಮ್ಯಾನೇಜರ್ ಕೆಲಸ ಬಿಟ್ಟು ಮೂರು ವರ್ಷವಾಗಿತ್ತು. ಪ್ರತಿ ಸಲವೂ ನಾನು ಖುಷಿಯಿಂದ ಬಂದು, ಸಹಿ ಹಾಕಿ, ಆಡಿ ಹೋಗುತ್ತಿದ್ದೆ. ಯಾರು ತಾನೆ ಏನಂತ ಕೇಳಿಯಾರು?

ನನಗೆ ನಗು ಬಂತು, ನಿಜವಾಗಿಯೂ. ಆ ನಗು ಅವನಿಗೆ ಹೆದರಿಕೆ ಹುಟ್ಟಿಸಿರಬೇಕು, ಎದ್ದು ನೀರು ತಂದುಕೊಟ್ಟ. ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ ಅಂತ ಶಾಲೆಯಲ್ಲಿ ಎಷ್ಟು ಸಲ ಬರೆದಿದ್ದೇನೋ. ದೊಣ್ಣೆ ಹೀಗೆ ಟಿಫಿನ್ ಡಬ್ಬಿಯ ಮುಂದೆ ಕೂತು ಮೆತ್ತಗೆ ಮಾತಾಡುತ್ತದೆ ಅಂತ ಗೊತ್ತಿರಲಿಲ್ಲ. ನನಗೆ ಸಿಟ್ಟು ಬಂದದ್ದು ಮೆಟ್ಟಿಲಿಳಿಯುವಾಗ. ಒಂದು ಮಾತು, ಒಂದೇ ಒಂದು ಮಾತು ಹೇಳಿದ್ದರೆ ನಾನು ಆ ಕೆಲಸವನ್ನು ಕಣ್ಣು ತೆರೆದುಕೊಂಡು ಮಾಡುತ್ತಿದ್ದೆ, ಇಲ್ಲವೇ ಬಿಡುತ್ತಿದ್ದೆ. ಆರು ವರ್ಷ ನನ್ನನ್ನು ಕನ್ನಡಿಯ ಮುಂದೆ ಕುಣಿಸಿದರಲ್ಲ, ಅದು ಹೊಟ್ಟೆ ಉರಿಸಿತು.

ಮನೆಗೆ ಬಂದರೆ ಅಪ್ಪ ಕುರ್ಚಿಯನ್ನು ಟೀವಿಯ ಹತ್ತಿರ ಎಳೆದುಕೊಂಡು ಕೂತಿದ್ದರು. ನೆಟ್ ಬಂತೇ ಅಂದರು. ಇಲ್ಲ ಅಂದೆ.

ಸತ್ಯ ಹೇಳಬಹುದಿತ್ತು. ಹೇಳಲಾಗಲಿಲ್ಲ. ಕಣ್ಣಿಲ್ಲದವರ ಕೈಯಿಂದ ಇದ್ದ ಒಂದು ಕೋಲನ್ನೂ ಕಸಿದುಕೊಂಡಂತೆ ಅನಿಸಿತು. ನನ್ನ ದನಿಯೇ ಇದ್ದ ಆ ಮೊದಲ ಸರಣಿಯನ್ನಾದರೂ ಹಾಕಿದರಾಯಿತು ಅಂತ ಹುಡುಕಿದೆ. ಅದರ ಹಕ್ಕು ಮುಗಿದು ಪಟ್ಟಿಯಿಂದಲೇ ತೆಗೆದುಬಿಟ್ಟಿದ್ದರು. ಜಗತ್ತಿನಲ್ಲಿ ನನ್ನ ದನಿಗೆ ಇದ್ದ ಒಂದೇ ಸಾಕ್ಷಿ ಅಪ್ಪನ ಫೋನಿನ ಆ ಫೋಟೋ, ಅದನ್ನೂ ಅವರು ಇನ್ನು ನೋಡಲಾರರು. ಬುಧವಾರದ ಹೊತ್ತಿಗೆ ನನ್ನ ಬುದ್ಧಿ ಎಲ್ಲಿಗೆ ಇಳಿಯಿತೆಂದರೆ, ಟೀವಿಯ ದನಿ ತಗ್ಗಿಸಿ ನಾನೇ ಅಪ್ಪನ ಬೆನ್ನ ಹಿಂದೆ ನಿಂತು ದೊರೆಸಾನಿಯ ಮಾತು ಆಡಿದರೆ ಹೇಗೆ ಅಂತ ಯೋಚಿಸಿದೆ. ಮಾತೆಲ್ಲ ಬಾಯಿಪಾಠ ಇತ್ತಲ್ಲ. ಅಡುಗೆಮನೆಯಲ್ಲಿ ಒಮ್ಮೆ ಆಡಿಯೂ ನೋಡಿದೆ. ಆಮೇಲೆ ನನ್ನ ಮುಖಕ್ಕೆ ನಾನೇ ಉಗಿಯಬೇಕು ಅನಿಸಿ ಸುಮ್ಮನಾದೆ.

ಶನಿವಾರ ಸಂಜೆ ಚಹಾ ಕೊಟ್ಟಾಗ ಅಪ್ಪ ಬಟ್ಟಲನ್ನು ಪಕ್ಕಕ್ಕಿಟ್ಟರು.

"ಆರು ದಿನಾ ಆತು ನೆಟ್ ಇಲ್ಲ ಅಂತಿ. ನಿನ್ನ ಫೋನಿನ್ಯಾಗ ಹಾಡು ನಡದಾವ. ಹಚ್ಚವಾ. ಏನ್ ಐತೋ ಅದನ್ನ ಹಚ್ಚು."

ಇನ್ನು ಸುಳ್ಳು ಉಳಿದಿರಲಿಲ್ಲ. ಹಚ್ಚಿದೆ. ಬಾಯಿ ತೆರೆದು ಹೇಳುವ ಧೈರ್ಯವಿಲ್ಲದವಳು ಟೀವಿಯೇ ಹೇಳಲಿ ಅಂತ ಬಿಟ್ಟೆ.

ಸಮುದ್ರದ ಸಪ್ಪಳ ಬಂತು. ಕಾರಿನ ಬಾಗಿಲು ತೆಗೆದ ಸಪ್ಪಳ. ದೊರೆಸಾನಿ ಬೆಂಗಳೂರಿನ ದನಿಯಲ್ಲಿ ತನ್ನ ಮಗನ ಬಗ್ಗೆ ಕೇಳತೊಡಗಿದಳು. ನಾನು ಪರದೆ ನೋಡಲಿಲ್ಲ, ಅಪ್ಪನ ಮುಖ ನೋಡುತ್ತ ಕೂತೆ. ಈಗ ಹುಬ್ಬು ಗಂಟಿಕ್ಕುತ್ತಾರೆ, ಈಗ ಇದ್ಯಾರು ಅನ್ನುತ್ತಾರೆ ಅಂತ ಕಾದೆ. ಅವರು ತಲೆಯನ್ನು ಸ್ವಲ್ಪ ಬಗ್ಗಿಸಿ, ಎರಡು ಕೈಯನ್ನೂ ಮೊಣಕಾಲ ಮೇಲಿಟ್ಟು, ಪುರಾಣ ಕೇಳುವವರ ಹಾಗೆ ಕೂತಿದ್ದರು. ಮುಕ್ಕಾಲು ಗಂಟೆಯ ಒಂದು ಕಂತು ಮುಗಿಯಿತು. ಗೊತ್ತಾಗಲಿಲ್ಲವೇ? ಹೆತ್ತ ಮಗಳ ದನಿ ಗೊತ್ತಾಗದಷ್ಟು ಮುದುಕರಾದರೇ? ಅವರಿಗೆ ಗೊತ್ತಾಗುವುದಕ್ಕಿಂತ ಗೊತ್ತಾಗದೆ ಇರುವುದು ನನ್ನನ್ನು ಹೆಚ್ಚು ಹೆದರಿಸಿತು. ಇನ್ನೊಂದು ಹಚ್ಚು ಅಂದರು. ಹಚ್ಚಿದೆ.

ಎರಡನೆಯ ಕಂತಿನ ನಡುವೆ ಆಕೆ ಮಗನ ಕೋಣೆಗೆ ಹೋಗುತ್ತಾಳೆ. ಅವನ ಸ್ವೆಟರನ್ನು ಮಡಚುತ್ತಾಳೆ, ಬಿಚ್ಚುತ್ತಾಳೆ, ಮತ್ತೆ ಮಡಚುತ್ತಾಳೆ. ಆಮೇಲೆ ಬಾಯಿ ಮುಚ್ಚಿಕೊಂಡೇ ಅಳುತ್ತಾಳೆ. ಅಳುವ ಭಾಗಗಳನ್ನು ನಮ್ಮಲ್ಲಿ ಕೊನೆಗೆ ಇಡುತ್ತಾರೆ. ಅತ್ತರೆ ಗಂಟಲು ಕೆಡುತ್ತದೆ, ಆ ದಿನ ಬೇರೆ ಮಾತು ಬರುವುದಿಲ್ಲ. ಈ ಸರಣಿಯ ಐದೂ ಅಳುಗಳನ್ನು ನಾನು ಒಂದೇ ಮಧ್ಯಾಹ್ನ ಸಾಲಾಗಿ ಅತ್ತು ಮುಗಿಸಿದ್ದೆ.

ಅಪ್ಪ ಕೈ ಎತ್ತಿದರು. "ನಿಲ್ಲಸು."

ನಿಲ್ಲಿಸಿದೆ.

"ಇಷ್ಟೊತ್ತನಾ ಮಾತಾಡಿದಾಕಿ ನೀ ಅಲ್ಲ," ಅಂದರು. "ಈಗ ಅತ್ತಾಕಿ ನೀನು."

ಆಗ ನನ್ನ ಕಟ್ಟೆ ಒಡೆಯಿತು. ಬೆಂಗಳೂರಿನ ಪತ್ರದಿಂದ ಹಿಡಿದು ಇಂಜಿನಿಯರನ ಡಬ್ಬಿಯವರೆಗೆ ಎಲ್ಲ ಹೇಳಿದೆ. ಅತ್ತವಳೂ ನಾನಲ್ಲ, ನಿಮ್ಮನ್ನು ಕೂಡಿಸಿ ಮೋಸ ಮಾಡಿದೆ, ನನ್ನದು ಅನ್ನುವುದು ಅದರಲ್ಲಿ ಒಂದಕ್ಷರವೂ ಇಲ್ಲ ಅಂದೆ. ಅಪ್ಪ ಪೂರ್ತಿ ಕೇಳಿಸಿಕೊಂಡರು. ಅಳು ಮಾತ್ರ ನಿನ್ನದೇ ಅಂತ ಮತ್ತೆ ಅಂದರು. ಸಮಾಧಾನ ಮಾಡುತ್ತಿದ್ದಾರೆ ಅಂದುಕೊಂಡೆ, ರೇಗಿತು. ಆ ಸಿಟ್ಟಿನಲ್ಲೇ ಇಂಜಿನಿಯರನಿಗೆ ಫೋನು ಹಚ್ಚಿ, ಅಪ್ಪನಿಗೂ ಕೇಳುವ ಹಾಗೆ ದೊಡ್ಡದಾಗಿ ಇಟ್ಟೆ. ಅಳುವ ಭಾಗವನ್ನೂ ಆಕೆಯೇ ಮಾಡಿದ್ದಲ್ಲವೇ, ಇವರಿಗೆ ನೀನೇ ಹೇಳು ಅಂದೆ.

ಅವನು ಯಾವ ಅವಸರವೂ ಇಲ್ಲದೆ ಹೇಳುತ್ತ ಹೋದ. ಇಲ್ಲ ಆಪಾ, ಉಸಿರು, ಕೆಮ್ಮು, ನಿಟ್ಟುಸಿರು, ಅಳು, ಇದ್ಯಾವುದನ್ನೂ ಅಲ್ಲಿ ಮತ್ತೆ ಮಾಡುವುದಿಲ್ಲ. ಇಲ್ಲಿಂದ ನಿಮ್ಮದು ಹೇಗೆ ಹೋಗುತ್ತದೋ ಹಾಗೇ ಇಡುತ್ತಾರೆ. ಮೊದಲಿನಿಂದಲೂ ಹಾಗೇ. ಆ ವಿಧವೆ ಅತ್ತದ್ದೂ ನೀವೇ, ಆ ನರ್ಸು ಬಿಕ್ಕಿದ್ದೂ ನೀವೇ. ರಾಗದ ತಕರಾರು ಇದ್ದದ್ದು ಮಾತಿಗೆ. "ರೋನೇ ಕು ಕೌನ್ಸಾ ಗಾಂವ್ ಆಪಾ?" ಅಂತ ಕೇಳಿದ. ಅಳುವುದಕ್ಕೆ ಯಾವ ಊರು?

ಫೋನು ಇಟ್ಟೆ. ಆರು ವರ್ಷ ದೊರೆಸಾನಿ ಕನ್ನಡದಲ್ಲಿ ಅತ್ತಾಗಲೆಲ್ಲ, ಯಾರದೋ ಮನೆಗಳಲ್ಲಿ, ಯಾರೋ ಗೊತ್ತಿಲ್ಲದವರ ಮುಂದೆ ನಾನು ಅತ್ತಿದ್ದೆ. ಬೆಂಗಳೂರಿನವರಿಗೆ ಅದು ಬೇಡವಾಗಿರಲಿಲ್ಲ. ಕೇಳಿದವರಿಗೆ ಒಂದು ಹೆಂಗಸಿನ ಮಾತಿನ ನಡುವೆ ಇನ್ನೊಂದು ಹೆಂಗಸಿನ ಅಳು ಬಂದದ್ದು ಗೊತ್ತೇ ಆಗಿರಲಿಲ್ಲ. ನನಗೂ ಗೊತ್ತಾಗಿರಲಿಲ್ಲ, ಈಗಷ್ಟೇ ನನ್ನ ಕಿವಿಯ ಮುಂದೆಯೇ ಹಾದುಹೋಗಿತ್ತು. ಅಪ್ಪನಿಗೆ ಹೇಗೆ ಗೊತ್ತಾಯಿತು?

ನಾನು ಯಾರ ಮುಂದೂ ಅಳುವವಳಲ್ಲ. ನನ್ನ ಹಳೆಯ ಹಟ ಅದು. ಅವ್ವ ತೀರಿಕೊಂಡ ದಿನ ಬಂದವರೆಲ್ಲ ಗೊಳೋ ಅನ್ನುತ್ತಿದ್ದರೆ, ಅವರಿಗೆಲ್ಲ ಒಣಗಣ್ಣಿನಲ್ಲಿ ನೀರು ಕೊಟ್ಟವಳು ನಾನು. ಅಪ್ಪನ ಮುಂದೆ ಬುದ್ಧಿ ಬಂದಮೇಲೆ ಒಮ್ಮೆಯೂ ಅತ್ತಿರಲಿಲ್ಲ.

"ನಾ ನಿಮ್ಮ ಮುಂದ ಯಾವತ್ತೂ ಅತ್ತಿಲ್ಲಲ್ರಿ ಅಪ್ಪಾ," ಅಂದೆ. "ಹೆಂಗ ಗುರ್ತ ಹಿಡಿದ್ರಿ?"

ಅಪ್ಪ ನನ್ನ ಕಡೆ ತಿರುಗಿದರು. ನಾನು ಕೂತ ಜಾಗಕ್ಕಿಂತ ಸ್ವಲ್ಪ ಆಚೆಗೆ, ಕಿಟಕಿಯ ಬೆಳಕಿನ ಕಡೆ ನೋಡುತ್ತ ಹೇಳಿದರು.

"ನಿಮ್ಮವ್ವ ತೀರಿಕೊಂಡ ವರ್ಷ ದಿನಾ ಮುಂಜಾನೆ ಅಡಿಗಿಮನ್ಯಾಗ ನಳ ಬಿಟ್ಟು ಅಳತಿದ್ದಿ. ನೀರಿನ ಸಪ್ಪಳದಾಗ ಕೇಳಸೂದಿಲ್ಲ ಅಂತ ತಿಳದಿದ್ದಿ. ಹಿಂಗ ಬಾಯಿ ಮುಚ್ಚಿ, ಎರಡ ಸಲ ಬಿಕ್ಕಿ, ಆಮ್ಯಾಲೆ ಮೂಗಿನ್ಯಾಗ ಉಸರು ಎಳಕೋತಿದ್ದಿ. ನಾ ಬಾಗಲದಾಗ ನಿಂತಿರತಿದ್ದೆ."

"ಒಳಗ್ಯಾಕ ಬರಲಿಲ್ರಿ?"

"ಬಂದಿದ್ರ ಅಳೂದು ಬಿಡತಿದ್ದಿ."

ಇಷ್ಟು ಹೇಳಿ ಅಪ್ಪ ತಣ್ಣಗಾದ ಚಹಾದ ಬಟ್ಟಲಿಗೆ ತಡಕಾಡಿದರು. ನಾನು ಎತ್ತಿ ಅವರ ಕೈಗೆ ಕೊಟ್ಟೆ. ಆ ಇಡೀ ವರ್ಷ ನಾನು ವಿಜಾಪುರದ ಅತ್ತೆಗೆ ದಿನ ಬಿಟ್ಟು ದಿನ ಫೋನು ಮಾಡುತ್ತಿದ್ದೆ. ನಿಮ್ಮಣ್ಣಂದು ಕಲ್ಲಿನ ಎದೆ, ಕಟ್ಟಿಕೊಂಡ ಹೆಂಡತಿ ಹೋದರೂ ಒಂದು ಹನಿ ಕಣ್ಣೀರಿಲ್ಲ, ಮಗಳು ಸತ್ತಳೋ ಬದುಕಿದಳೋ ಅಂತ ಕೇಳಲಿಲ್ಲ, ಪೇಪರ್ ಹಿಡಿದು ಕೂತುಬಿಟ್ಟರು, ಇಂಥವರ ಜೊತೆ ಹೇಗೆ ಇರುವುದು ಅಂತ ಹೇಳುತ್ತಿದ್ದೆ. ಅದೂ ಅದೇ ಅಡುಗೆಮನೆಯಲ್ಲಿ ನಿಂತು, ನಳ ಬಂದ್ ಮಾಡಿ. ಬಿಟ್ಟ ನಳದ ಸಪ್ಪಳದಲ್ಲಿ ಅಳು ಕೇಳಿಸಿಕೊಂಡ ಮನುಷ್ಯನಿಗೆ ಆ ಮಾತು ಕೇಳಿಸದೆ ಇದ್ದೀತೇ? ಅದನ್ನು ಅವರಲ್ಲಿ ಕೇಳುವ ಧೈರ್ಯ ನನಗೆ ಅಂದೂ ಬರಲಿಲ್ಲ, ಇಂದಿಗೂ ಬಂದಿಲ್ಲ.